ಖಾಲಿ ಮನೆ ಉಳಿಸಿಕೊಳ್ಳಿ: 2048 ಗೆಲ್ಲೋದು ಹೇಗೆ

[ಭೋಸರಿಯಲ್ಲಿ ಆಡಿದ ಮಾತಿನ ಬರಹರೂಪ. ಪರದೆಯ ಮೇಲೆ ತೋರಿಸಿದ್ದನ್ನು ಮಾತಿನಲ್ಲೇ ವಿವರಿಸಿದೆ.]

ಭಾನುವಾರ ಸಂಜೆ ಮನೆ ಬಿಟ್ಟು ಭೋಸರಿ ತನಕ ಬಂದಿದ್ದೀರಿ, ಮೊದಲು ಅದಕ್ಕೆ ಧನ್ಯವಾದ. ಮೆಟ್ರೋದಲ್ಲಿ ಬಂದವರು ಯಾರು? ಕೈ ಎತ್ತಿ. ಹಾಂ. ಭೋಸರಿ ಬಂತು ಅಂತ ಇಳಿದಿರಿ, ಹೊರಗೆ ಬಂದು ನೋಡಿದರೆ ನಾಶಿಕ್ ಫಾಟಾ. ಅಲ್ಲಿಂದ ಮತ್ತೆ ಆಟೋ. [ನಗು] ಗುರಿ ಮುಟ್ಟಿದೆ ಅಂದುಕೊಂಡಾಗ ಇನ್ನೂ ದಾರಿ ಬಾಕಿ ಇರುತ್ತೆ. ಇವತ್ತಿನ ಆಟವೂ ಸ್ವಲ್ಪ ಹಾಗೇ.

ಆಟದ ಹೆಸರು 2048. ಬ್ರೌಸರ್‌ನಲ್ಲಿ ಒಂದು ಟ್ಯಾಬ್ ತೆಗೆದು, ಮ್ಯಾನೇಜರ್ ಬಂದಾಗ ಆಲ್ಟ್-ಟ್ಯಾಬ್ ಒತ್ತಿದವರು ಈ ಕೋಣೆಯಲ್ಲಿ ಬಹಳ ಜನ ಇದ್ದೀರಿ ಅಂತ ಗೊತ್ತು. ಆಡಿದವರಲ್ಲಿ 2048 ಮುಟ್ಟಿದವರು? ನಾಲ್ಕೈದು ಕೈ. 512ರಲ್ಲೋ 1024ರಲ್ಲೋ ಸಿಕ್ಕಿಬಿದ್ದವರು? ಉಳಿದವರೆಲ್ಲ. ಸರಿ, ಈ ಮಾತು ನಿಮಗೇ.

ಆಟ ಎಲ್ಲಿಂದ ಬಂತು

ಚುಟುಕಾಗಿ ಹೇಳ್ತೀನಿ. 2014ರ ಮಾರ್ಚ್‌ನಲ್ಲಿ ಇಟಲಿಯ ಗೇಬ್ರಿಯೆಲೆ ಚಿರುಲ್ಲಿ ಅನ್ನೋ 19 ವರ್ಷದ ಹುಡುಗ ಒಂದು ವಾರಾಂತ್ಯದಲ್ಲಿ ಇದನ್ನು ಜಾವಾಸ್ಕ್ರಿಪ್ಟ್‌ನಲ್ಲಿ ಬರೆದು ಗಿಟ್‌ಹಬ್‌ಗೆ ಹಾಕಿದ. ಅದಕ್ಕೆ ಮೊದಲು 1024 ಅನ್ನೋ ಆಟ ಇತ್ತು. ಅದಕ್ಕೂ ಮೊದಲು, ಅದೇ ವರ್ಷ ಫೆಬ್ರುವರಿಯಲ್ಲಿ, ‘ಥ್ರೀಸ್’ ಬಂದಿತ್ತು. ಥ್ರೀಸ್ ಮಾಡಿದವರು ಅದಕ್ಕೆ 14 ತಿಂಗಳು ತಲೆ ಕೆಡಿಸಿಕೊಂಡಿದ್ದರು. ವಾರಾಂತ್ಯದ ಕೆಲಸ ಲೋಕವನ್ನೇ ಸುತ್ತಿತು, 14 ತಿಂಗಳ ಕೆಲಸ ಪಕ್ಕಕ್ಕೆ ಸರಿಯಿತು. ನಮ್ಮ ಇಂಡಸ್ಟ್ರಿಯಲ್ಲಿ ಇದು ಹೊಸದೇನಲ್ಲ, ಬಿಡಿ.

ನಮಗೆ ಅನುಕೂಲ ಏನಂದ್ರೆ ಕೋಡ್ ಮುಚ್ಚುಮರೆಯಿಲ್ಲದೆ ಇದೆ, ಯಾರು ಬೇಕಾದರೂ ಓದಬಹುದು. ಅದರಲ್ಲಿ ಒಂದೇ ಒಂದು ಸಾಲು ನೆನಪಿಡಿ: ಪ್ರತಿ ಸಲ ಹೊಸದಾಗಿ ಬರುವ ಅಂಕಿ 90 ಪ್ರತಿಶತ 2, 10 ಪ್ರತಿಶತ 4. ಯಾವ ಖಾಲಿ ಮನೆಯಲ್ಲಿ ಬರುತ್ತೆ ಅನ್ನೋದು ಪೂರ್ತಿ ಅದೃಷ್ಟ.

ಊರಲ್ಲಿ ಚೌಕಾಬಾರ ಆಡಿದವರಿಗೆ ಇದು ಗೊತ್ತಿರೋ ವಿಷಯ. ಕವಡೆ ಹೇಗೆ ಬೀಳುತ್ತೋ ಅದು ನಮ್ಮ ಕೈಯಲ್ಲಿಲ್ಲ. ಯಾವ ಕಾಯಿ ನಡೆಸಬೇಕು ಅನ್ನೋದು ಮಾತ್ರ ನಮ್ಮ ಕೈಯಲ್ಲಿದೆ.

ಲೆಕ್ಕ

ಹಲಗೆಯಲ್ಲಿ 16 ಮನೆ. ಪ್ರತಿ ಒತ್ತಿಗೆ ಹಲಗೆಗೆ ಸರಾಸರಿ 2.2 ಸೇರುತ್ತೆ. 2048ನ್ನು 2.2ರಿಂದ ಭಾಗಿಸಿ, ಸುಮಾರು 930. ಅಂದ್ರೆ ಒಂದು ಆಟ ಗೆಲ್ಲೋಕೆ ಹೆಚ್ಚುಕಡಿಮೆ 930 ಸಲ ಕೀ ಒತ್ತಬೇಕು. ಅದಕ್ಕಿಂತ ಬಹಳ ಬೇಗ ಮುಗಿಸುವ ಜಾಣತನ ಯಾರಿಗೂ ಇಲ್ಲ. ಹಾಗಾಗಿ ಪ್ರಶ್ನೆ ‘ಎಷ್ಟು ಬೇಗ ಕೂಡಿಸ್ತೀನಿ’ ಅಲ್ಲ, ‘930 ಒತ್ತಿನ ತನಕ ಬದುಕಿರ್ತೀನಾ’.

ಈ ಆಟದಲ್ಲಿ ಸೋಲೋದು ಯಾವಾಗ? ದೊಡ್ಡ ಅಂಕಿ ಆಗಲಿಲ್ಲ ಅಂತ ಯಾರೂ ಸೋಲೋದಿಲ್ಲ. ಖಾಲಿ ಮನೆ ಮುಗಿದು, ಕೂಡಿಸೋಕೆ ಜೋಡಿ ಸಿಗದಿದ್ದಾಗ ಸೋಲ್ತೀವಿ. ಇದು ನನಗೆ ತಿಳಿದದ್ದು ತಡವಾಗಿ. ತಿಳಿಸಿದವರು ನಮ್ಮ ಕಾಕಾ.

ಗುರುವಾರದ ಕಥೆ

2023ರಲ್ಲಿ ನಾನಿದ್ದ ಪ್ರಾಜೆಕ್ಟ್ ಮುಚ್ಚಿತು. ಮೊದಲು ಬೆಂಚು, ಆಮೇಲೆ ಬೆಂಚೂ ಇಲ್ಲ. ನಮ್ಮದು ವಿಜಯಪುರ ಜಿಲ್ಲೆ. ಇಲ್ಲಿ ಭೋಸರಿಯಲ್ಲಿ ಕಾಕಾನ ಮನೆಯಲ್ಲೇ ಇದ್ದೆ. ಕಾಕಾ ಎಂಐಡಿಸಿಯಲ್ಲಿ ಒಂದು ಪ್ರೆಸ್ ಶಾಪಿನಲ್ಲಿ ಸ್ಟೋರ್ ನೋಡಿಕೊಳ್ತಾರೆ, ಇಪ್ಪತ್ತು ವರ್ಷದ ಮೇಲಾಯ್ತು. ಅಪ್ಪ-ಅವ್ವನಿಗೆ, ಕಾಕಾನಿಗೆ, ಯಾರಿಗೂ ನಾನು ಹೇಳಿರಲಿಲ್ಲ. ‘ವರ್ಕ್ ಫ್ರಮ್ ಹೋಮ್’ ಅಂದಿದ್ದೆ. ಬೆಳಿಗ್ಗೆ ಒಂಬತ್ತಕ್ಕೆ ಸ್ನಾನ ಮಾಡಿ ಲ್ಯಾಪ್‌ಟಾಪ್ ಮುಂದೆ ಕೂತು, ಒಂದಿಷ್ಟು ಕಡೆ ರೆಸ್ಯೂಮೆ ಹಾಕಿ, ಆಮೇಲೆ ಸಂಜೆ ತನಕ 2048. ಎಂಟೆಕ್‌ನಲ್ಲಿ ಆಪ್ಟಿಮೈಸೇಶನ್ ಓದಿದವನು ದಿನವೂ 1024ರಲ್ಲಿ ಸೋಲ್ತಿದ್ದೆ. [ನಗು]

ಕಾಕಾಗೆ ಗುರುವಾರ ರಜೆ. ಒಂದು ಗುರುವಾರ ಚಹಾ ತಗೊಂಡು ನನ್ನ ಹಿಂದೆ ಬಂದು ನಿಂತಿದ್ದಾರೆ, ನನಗೆ ಗೊತ್ತೇ ಇಲ್ಲ.

“ಏನ್ ಮಾಡಾಕತ್ತೀ ತಮ್ಮಾ?”

ಟ್ಯಾಬ್ ಮುಚ್ಚೋಕೆ ಹೋದೆ. “ಇರಲಿ, ಇರಲಿ, ತೋರಿಸು” ಅಂದ್ರು. ಕೂತರು. ಆಡೋದನ್ನ ಒಂದು ಹತ್ತು ನಿಮಿಷ ಸುಮ್ಮನೆ ನೋಡಿದರು. ನಾನು ಕಂಡಕಂಡ ಜೋಡಿಯನ್ನೆಲ್ಲ ಕೂಡಿಸ್ತಾ ಇದ್ದೆ. ಎರಡು 4 ಕಂಡ್ರೆ ಒತ್ತು, ಎರಡು 16 ಕಂಡ್ರೆ ಒತ್ತು. 256 ಹಲಗೆಯ ನಡುವೆ ಅಲೆದಾಡ್ತಾ ಇತ್ತು. ಆಗ ಹೇಳಿದರು:

“ಹಿಂಗ ಮಾಲ ಇಟ್ರ ನಮ್ಮ ಸ್ಟೋರ್ ಎರಡ ದಿನದಾಗ ಬಂದ್ ಆಗ್ತದ. ದೊಡ್ಡ ಡೈ ಒಮ್ಮೆ ಮೂಲ್ಯಾಗ ಇಟ್ರ ಮುಟ್ಟಬಾರದು. ಅದರ ಬಾಜೂಕ ಅದಕ್ಕಿಂತ ಸಣ್ಣದು. ಬಾಗಿಲ ಹತ್ರ ದಿನಾ ಬೇಕಾಗೋ ಸಣ್ಣ ಮಾಲ. ನಡಕ ಓಡಾಡಾಕ ಜಾಗ ಬಿಡಬೇಕು. ಜಾಗ ಇಲ್ಲಂದ್ರ ಮಾಲ ಎಷ್ಟ ಇದ್ರೇನು, ಹೊರಗ ತಗಿಯಾಕ ಬರಂಗಿಲ್ಲ.”

2048 ಗೆಲ್ಲುವ ತಂತ್ರ ಪೂರ್ತಿ ಇಷ್ಟೇ. ಈಗ ಇದನ್ನ ಕೀಬೋರ್ಡ್ ಭಾಷೆಗೆ ತರ್ತೀನಿ.

ಒಂದು: ಮೂಲೆ ಹಿಡಿಯಿರಿ

ಯಾವುದಾದರೂ ಒಂದು ಮೂಲೆ ಆರಿಸಿ. ನಾನು ಎಡಗಡೆ ಕೆಳಗಿನದು ತಗೋತೀನಿ. ದೊಡ್ಡ ಅಂಕಿ ಅಲ್ಲೇ ಇರಬೇಕು. ಆಗ ‘ಎಡ’ ಮತ್ತು ‘ಕೆಳಗೆ’ ಈ ಎರಡು ಕೀ ಯಾವಾಗಲೂ ಸುರಕ್ಷಿತ, ಎಷ್ಟು ಒತ್ತಿದರೂ ಮೂಲೆಯ ಅಂಕಿ ಜರುಗೋದಿಲ್ಲ. ‘ಮೇಲೆ’ ಕೀ ಇಲ್ಲವೇ ಇಲ್ಲ ಅಂದುಕೊಳ್ಳಿ.

ಎರಡು: ಕೆಳಗಿನ ಸಾಲು ತುಂಬಿಡಿ

ಹೆಚ್ಚಿನವರು ತಪ್ಪೋದು ಇಲ್ಲಿ. ‘ಬಲ’ ಯಾವಾಗ ಒತ್ತಬಹುದು? ಕೆಳಗಿನ ಸಾಲಿನ ನಾಲ್ಕೂ ಮನೆ ತುಂಬಿದ್ದು, ಅಕ್ಕಪಕ್ಕ ಒಂದೇ ಅಂಕಿ ಇಲ್ಲದಿದ್ದಾಗ. ಆಗ ಬಲಕ್ಕೆ ಒತ್ತಿದರೆ ಮೇಲಿನ ಸಾಲುಗಳು ಮಾತ್ರ ಸರಿಯುತ್ತವೆ, ಕೆಳಗಿನದು ಬಂಡೆ ಥರ ನಿಲ್ಲುತ್ತೆ. ಒಂದೇ ಮನೆ ಖಾಲಿ ಇದ್ದರೂ ಇಡೀ ಸಾಲು ಬಲಕ್ಕೆ ಜಾರುತ್ತೆ, ಮೂಲೆ ಬರಿದಾಗುತ್ತೆ, ಅಲ್ಲಿ ಒಂದು 2 ಬಂದು ಕೂರಬಹುದು. ನಿಮ್ಮ 512 ಪಕ್ಕದಲ್ಲಿ ನಿಂತು ನೋಡ್ತಿರುತ್ತೆ.

ಮೂರು: ಹಾವಿನ ಸಾಲು

ಅಂಕಿಗಳು ಇಳಿಯುತ್ತಾ ಹೋಗಬೇಕು. ಪರದೆ ನೋಡಿ. ಕೆಳಗಿನ ಸಾಲು ಎಡದಿಂದ ಬಲಕ್ಕೆ 512, 256, 128, 64. ಅದರ ಮೇಲಿನ ಸಾಲು ಬಲದಿಂದ ಎಡಕ್ಕೆ ತಿರುಗುತ್ತೆ: 32, 16, 8, 8. ಹಾವು ಹರಿದ ಹಾಗೆ. ಈಗ ಒತ್ತಿ: ಬಲ, ಬಲ, ಬಲ, ಕೆಳಗೆ, ಎಡ, ಎಡ, ಎಡ. ಎರಡು 8 ಸೇರಿ 16, ಎರಡು 16 ಸೇರಿ 32, ಎರಡು 32 ಸೇರಿ 64, ಕೆಳಗಿಳಿದು 128, ಆಮೇಲೆ 256, 512, ಕೊನೆಗೆ 1024. ಏಳು ಒತ್ತಿನಲ್ಲಿ ಎಂಟು ಮನೆಯ ಸಾಮಾನು ಒಂದೇ ಮನೆಗೆ ಬಂತು. ಮಧ್ಯೆ ಹೊಸ 2 ಎಲ್ಲಿ ಬಂದರೂ ಈ ಏಳಕ್ಕೆ ಅಡ್ಡಿ ಆಗೋದಿಲ್ಲ, ಮನೆಗೆ ಹೋಗಿ ಕಾಗದದ ಮೇಲೆ ಬರೆದು ನೋಡಿ.

ಒಂದು ನಿಯಮ ಮರೀಬೇಡಿ: ಒಂದು ಒತ್ತಿನಲ್ಲಿ ಒಂದು ಅಂಕಿ ಒಮ್ಮೆ ಮಾತ್ರ ಕೂಡುತ್ತೆ. 2, 2, 4 ಇದ್ದು ಎಡಕ್ಕೆ ಒತ್ತಿದರೆ 4, 4 ಬರುತ್ತೆ, ನೇರ 8 ಬರೋದಿಲ್ಲ.

ನಾಲ್ಕು: ಕೂಡಿಸೋ ಆಸೆ ತಡೀರಿ

ಜೋಡಿ ಕಂಡ ತಕ್ಷಣ ಕೂಡಿಸಬೇಕು ಅನ್ನಿಸುತ್ತೆ. ಆ ಕೂಡಿಕೆಯಿಂದ ಸಾಲಿನ ಕ್ರಮ ಕೆಡುತ್ತೆ ಅಂತಾದರೆ ಬೇಡ, ಒಂದೆರಡು ಒತ್ತು ಕಾಯಿರಿ. ಜೋಡಿ ಎಲ್ಲೂ ಓಡಿಹೋಗೋದಿಲ್ಲ. ಆದರೆ ಖಾಲಿ ಮನೆ ಮೂರಕ್ಕಿಂತ ಕಡಿಮೆ ಆಯ್ತು ಅಂದ್ರೆ ಕ್ರಮ ಆಮೇಲೆ, ಮೊದಲು ಜಾಗ ಮಾಡಿಕೊಳ್ಳಿ.

ಐದು: ಕೆಟ್ಟಾಗ

ಕೆಡುತ್ತೆ. 930 ಒತ್ತಿನಲ್ಲಿ ಕೆಡದೇ ಇರೋದಿಲ್ಲ. ‘ಮೇಲೆ’ ಒತ್ತಲೇಬೇಕಾಗಿ ಬಂದರೆ ಏನು ಮಾಡೋದು? ಮೊದಲು ಎಡಗಡೆಯ ಕಂಬಸಾಲು ನೋಡಿ. ಅದು ಪೂರ್ತಿ ತುಂಬಿದ್ದು ಅದರಲ್ಲಿ ಮೇಲೆ-ಕೆಳಗೆ ಜೋಡಿ ಇಲ್ಲದಿದ್ದರೆ, ‘ಮೇಲೆ’ ಒತ್ತಿದರೂ ಮೂಲೆ ಅಲುಗಾಡೋದಿಲ್ಲ, ಧೈರ್ಯವಾಗಿ ಒತ್ತಿ. ತುಂಬಿಲ್ಲದಿದ್ದರೆ ಮೇಲೆ ಒತ್ತಿ, ಮರುಕ್ಷಣವೇ ಕೆಳಗೆ ಒತ್ತಿ. ಹೊಸ ಅಂಕಿ ದೊಡ್ಡದರ ಅಡಿಯಲ್ಲಿ ಬರದಿದ್ದರೆ ಬಚಾವ್.

ಬಂದೇಬಿಟ್ಟರೆ? ದೊಡ್ಡದರ ಅಡಿಯಲ್ಲಿ ಒಂದು 2 ಹೂತು ಹೋಯ್ತು. ಬಹಳ ಜನ ಇಲ್ಲಿ ಆಟ ಬಿಟ್ಟು ‘ಹೊಸ ಆಟ’ ಒತ್ತುತ್ತಾರೆ. ಬೇಡ. ಆ 2ರ ಪಕ್ಕಕ್ಕೆ ಇನ್ನೊಂದು 2 ತನ್ನಿ, 4 ಆಗುತ್ತೆ. ಪಕ್ಕದಲ್ಲಿ ಇನ್ನೊಂದು 4 ಬೆಳೆಸಿ. ಹೀಗೆ ಹೂತದ್ದನ್ನೇ ದೊಡ್ಡದು ಮಾಡುತ್ತಾ ಹೋದರೆ ಒಂದು ದಿನ ಅದು ತನ್ನ ಮೇಲಿರುವುದಕ್ಕೆ ಸಮ ಆಗಿ ಅದರಲ್ಲೇ ಸೇರಿಹೋಗುತ್ತೆ. ತಾಳ್ಮೆ ಬೇಕು, ಅಷ್ಟೇ.

ಯಂತ್ರ ಏನು ಹೇಳುತ್ತೆ

ನಾನು ಎಂಜಿನಿಯರ್, ಕಾಕಾನ ಮಾತು ಸುಮ್ಮನೆ ಒಪ್ಪಿಕೊಂಡರೆ ಡಿಗ್ರಿಗೆ ಅವಮಾನ. [ನಗು] ಒಂದು ಪ್ರೋಗ್ರಾಂ ಬರೆದೆ. ವಿಧಾನದ ಹೆಸರು ಎಕ್ಸ್‌ಪೆಕ್ಟಿಮ್ಯಾಕ್ಸ್. ನಾಲ್ಕು ದಿಕ್ಕಿನಲ್ಲಿ ಪ್ರತಿಯೊಂದನ್ನೂ ಒತ್ತಿ ನೋಡು. ಆಮೇಲೆ ಆರು ಮನೆ ಖಾಲಿ ಇದ್ದರೆ, ಪ್ರತಿ ಮನೆಯಲ್ಲಿ 2 ಅಥವಾ 4, ಒಟ್ಟು 12 ಸಾಧ್ಯತೆ. ಅವುಗಳ ಸಂಭವಕ್ಕೆ ತಕ್ಕಂತೆ ಸರಾಸರಿ ತೆಗೆ. ಹೀಗೆ ಎರಡು-ಮೂರು ಹೆಜ್ಜೆ ಮುಂದೆ ನೋಡಿ, ಸರಾಸರಿ ಚೆನ್ನಾಗಿರೋ ದಿಕ್ಕು ಆರಿಸು.

ಆದರೆ ‘ಚೆನ್ನಾಗಿದೆ’ ಅಂದ್ರೆ ಏನು? ಅದನ್ನ ಯಂತ್ರಕ್ಕೆ ನಾವೇ ಹೇಳಬೇಕು. ಮೊದಲು ನಾನು ಸ್ಕೋರ್ ಕೊಟ್ಟೆ: ಹೆಚ್ಚು ಸ್ಕೋರ್ ಅಂದ್ರೆ ಚೆನ್ನ. ಅದು ನನ್ನ ಹಾಗೇ ಆಡಿತು, ನನ್ನ ಹಾಗೇ ಸೋತಿತು. ಆಮೇಲೆ ಸ್ಕೋರ್ ತೆಗೆದು ಎರಡೇ ಅಳತೆ ಇಟ್ಟೆ: ಖಾಲಿ ಮನೆ ಎಷ್ಟಿದೆ, ಅಂಕಿಗಳು ಕ್ರಮವಾಗಿ ಇಳಿಯುತ್ತಿವೆಯಾ. ಅಷ್ಟಕ್ಕೇ ಬಹುತೇಕ ಆಟದಲ್ಲಿ 2048 ಮುಟ್ಟಿತು. ಸ್ಟೋರಿನ ಲೆಕ್ಕಾಚಾರ ಸರಿಯಾಗಿತ್ತು.

ಎಷ್ಟು ಮೇಲೆ ಹೋಗಬಹುದು ಅಂತ ಕೇಳ್ತೀರಿ. 16 ಮನೆಯ ಹಲಗೆಯಲ್ಲಿ ಗರಿಷ್ಠ 131072. 65536ರಿಂದ 4ರ ತನಕ ಇಳಿಸಾಲಿನಲ್ಲಿ 15 ಮನೆ ತುಂಬಿ, ಉಳಿದ ಒಂದೇ ಮನೆಯಲ್ಲಿ ಸರಿಯಾಗಿ ಒಂದು 4 ಬಂದರೆ ಮಾತ್ರ. ಅದರಾಚೆ ದಾರಿ ಇಲ್ಲ. ಎಷ್ಟೇ ಚೆನ್ನಾಗಿ ಆಡಿದರೂ ಹಲಗೆಗೆ ಒಂದು ಮಿತಿ ಇದೆ.

ಆ ಗುರುವಾರ ಮುಗಿದದ್ದು ಹೀಗೆ

ಕಾಕಾ ಚಹಾ ಕುಡಿದು ಲೋಟ ಇಟ್ಟರು. ಆಮೇಲೆ ಅಂದ್ರು: “ಎರಡ ತಿಂಗಳಿಂದ ನೋಡತೀನಿ. ಗುರುವಾರಕ್ಕೊಮ್ಮೆ ನಾ ಮನ್ಯಾಗ ಇರತೀನಿ, ಒಂದ್ ಫೋನ್ ಬರಂಗಿಲ್ಲ ನಿನಗ. ಆಫೀಸ್ ಇದ್ದವಗ ಫೋನ್ ಬರಲಾರದ ಹ್ಯಾಂಗ ಇರತದ?”

ನಾನು ಏನೂ ಹೇಳಲಿಲ್ಲ. “ಕೆಲಸ ಹೋಗೇತೇನು?” ಅಂದ್ರು. “ಹೌದ್ರಿ ಕಾಕಾ” ಅಂದೆ. “ಅಪ್ಪಗ ನೀನಾ ಹೇಳತೀಯೋ, ನಾ ಹೇಳಲೋ?”

ಆ ಸಂಜೆ ನಾನೇ ಊರಿಗೆ ಫೋನ್ ಮಾಡಿದೆ. ಅಪ್ಪ ಸ್ವಲ್ಪ ಹೊತ್ತು ಸುಮ್ಮನಿದ್ದು, “ಊಟ ಆತೇನು?” ಅಂದ್ರು. ಎರಡು ತಿಂಗಳು ಯಾವುದಕ್ಕೆ ಹೆದರಿದ್ದೆನೋ ಅದು ಅಷ್ಟೇ ಆಗಿತ್ತು.

ಆಟದಿಂದ ನನಗೆ ಕೆಲಸ ಸಿಕ್ಕಿತು ಅಂತ ಹೇಳೋಕೆ ನಾನು ಇಲ್ಲಿ ಬಂದಿಲ್ಲ. ಸಿಗಲಿಲ್ಲ. ಮತ್ತೆ ಮೂರು ತಿಂಗಳು ಹಿಡಿಯಿತು, ಸಂಬಳವೂ ಮೊದಲಿಗಿಂತ ಕಡಿಮೆ. ಆದರೆ ಸುಳ್ಳು ಹೇಳಿಕೊಂಡು ಕೂತವನ ತಲೆಯಲ್ಲಿ ಒಂದೂ ಮನೆ ಖಾಲಿ ಇರೋದಿಲ್ಲ ಅಂತ ಅವತ್ತು ಗೊತ್ತಾಯ್ತು. ಹೇಳಿದ ಮೇಲೆ ಸ್ವಲ್ಪ ಜಾಗ ಆಯ್ತು. ಕಂಡಕಂಡ ಜಾಹೀರಾತಿಗೆಲ್ಲ ರೆಸ್ಯೂಮೆ ಹಾಕೋದು ಬಿಟ್ಟು, ನನಗೆ ಚೆನ್ನಾಗಿ ಬರೋ ಒಂದೇ ವಿಷಯ ಹಿಡಿದು ತಯಾರಿ ಮಾಡಿದೆ. ಈ ಕೋಣೆಯಲ್ಲಿ ಈಗ ಬೆಂಚಿನ ಮೇಲೆ ಇರೋರು, ಮನೆಗೆ ಹೇಳದೇ ಇರೋರು ಯಾರಾದರೂ ಇದ್ದರೆ, ಕೈ ಎತ್ತೋದು ಬೇಡ. ಇವತ್ತು ರಾತ್ರಿ ಊರಿಗೆ ಒಂದು ಫೋನ್ ಮಾಡಿ.

ಕೊನೆಗೆ, ಕಾಕಾ. ನಾನು ಕಲಿಸಿದ ಮೇಲೆ ಅವರೂ ಮೊಬೈಲ್ ಬ್ರೌಸರ್‌ನಲ್ಲಿ ಗುರುವಾರಕ್ಕೊಮ್ಮೆ ಆಡೋಕೆ ಶುರು ಮಾಡಿದರು. ಒಂದೊಂದು ಒತ್ತಿಗೂ ಅರ್ಧ ನಿಮಿಷ. ಟ್ಯಾಬ್ ಮುಚ್ಚಿದರೂ ಆಟ ಬ್ರೌಸರ್‌ನಲ್ಲೇ ಉಳಿಯುತ್ತೆ, ಹಾಗಾಗಿ ಒಂದೇ ಆಟವನ್ನ ಎಷ್ಟೋ ಗುರುವಾರ ಆಡಿದರು. ಒಂದು ದಿನ 2048 ಬಂತು. ‘ಗೆದ್ದಿರಿ’ ಅಂತ ತೋರಿಸಿ, ಮುಂದುವರಿಸೋದೋ ಹೊಸದಾಗಿ ಆಡೋದೋ ಅಂತ ಎರಡು ಬಟನ್ ಕೇಳುತ್ತೆ. ನಾನು, “ಮುಂದುವರಿಸ್ರಿ ಕಾಕಾ, 4096 ಆಗ್ತದ” ಅಂದೆ.

ಅವರು ಎರಡೂ ಒತ್ತಲಿಲ್ಲ. ಫೋನ್ ಮಡಚಿ ಜೇಬಿಗೆ ಹಾಕಿ, “ಆತಲ್ಲ. ನಡಿ, ಕಾಯಿಪಲ್ಲೆ ತರೂಣು” ಅಂದ್ರು.