ನೆಲಕ್ಕೆ ಬೆಲೆ ಕಟ್ಟಲು ಒಪ್ಪದ ಜನ

(ಅಧ್ಯಯನ ಶಿಬಿರವೊಂದರಲ್ಲಿ ಮಾಡಿದ ಭಾಷಣ)



ಅಮೆರಿಕದ ಚರಿತ್ರೆ ಕೊಲಂಬಸನಿಂದ ಪ್ರಾರಂಭವಾಯಿತೆಂದು ನಮ್ಮಲ್ಲಿ ಅನೇಕರು ಶಾಲೆಯಲ್ಲಿ ಓದಿದ್ದೇವೆ. ಆತ ಹುಟ್ಟುವುದಕ್ಕೆ ಮುನ್ನೂರು ವರ್ಷಗಳಿಗೂ ಹಿಂದೆಯೇ ಆ ಖಂಡದ ನೈರುತ್ಯ ಭಾಗದ ಚಾಕೋ ಕಣಿವೆಯಲ್ಲಿ ನಾಲ್ಕಂತಸ್ತಿನ, ಆರುನೂರಕ್ಕೂ ಹೆಚ್ಚು ಕೋಣೆಗಳಿದ್ದ ಕಲ್ಲಿನ ಕಟ್ಟಡವೊಂದು ನಿಂತಿತ್ತು. ಅದನ್ನು ಕಟ್ಟಿದವರ ಸಂತತಿಯೇ ಪ್ಯೂಬ್ಲೋ ಜನ. ‘ಪ್ಯೂಬ್ಲೋ’ ಎಂಬುದು ಅವರು ಇಟ್ಟುಕೊಂಡ ಹೆಸರಲ್ಲ. ಸ್ಪ್ಯಾನಿಷ್ ಭಾಷೆಯಲ್ಲಿ ಅದಕ್ಕೆ ‘ಊರು’ ಎಂದರ್ಥ. ಇಂದು ನ್ಯೂ ಮೆಕ್ಸಿಕೋ ಸಂಸ್ಥಾನದಲ್ಲಿ ಅವರ 19 ಊರುಗಳಿವೆ. ಅರಿಜೋನಾದ ಹೋಪಿ ಜನರೂ ಇದೇ ಬಳಗದವರು.

ಇವರು ಬೇಸಾಯಗಾರರು. ಮಳೆ ಅತಿ ಕಡಿಮೆ ಬೀಳುವ ಸೀಮೆಯಲ್ಲಿ ಮುಸುಕಿನ ಜೋಳ, ಬೀನ್ಸ್, ಕುಂಬಳ ಬೆಳೆದು ಬಾಳಿದವರು. ಅಂಥ ನಾಡಿನಲ್ಲಿ ಒಂಟಿ ರೈತ ಬದುಕಲಾರ. ವಸಂತ ಬಂದೊಡನೆ ಊರಿನವರೆಲ್ಲ ಸೇರಿ ಕಾಲುವೆಯ ಹೂಳು ತೆಗೆಯಬೇಕು. ನೀರು ಎಲ್ಲರದು, ಆದ್ದರಿಂದ ದುಡಿಮೆಯೂ ಎಲ್ಲರದು. ‘ಕೀವಾ’ ಎಂಬ ಪೂಜಾಗೃಹಗಳಲ್ಲಿ ನಡೆಯುವ ಅವರ ಆಚರಣೆಗಳಿಗೂ, ಹಬ್ಬದ ಕುಣಿತಗಳಿಗೂ ಮಳೆ ಬೆಳೆಗಳೊಂದಿಗೆ ಬಿಡಿಸಲಾಗದ ನಂಟುಂಟು. ಅವರ ಧರ್ಮಕ್ಕೆ ಕೈಹಾಕಿದವನು ಅವರ ಹೊಲಕ್ಕೂ ಕೈಹಾಕಿದಂತೆಯೇ ಸರಿ.

1598ರಲ್ಲಿ ಸ್ಪೇನಿನ ಓನ್ಯಾಟೆ ಎಂಬಾತ ಸೈನಿಕರನ್ನೂ ಪಾದ್ರಿಗಳನ್ನೂ ಕಟ್ಟಿಕೊಂಡು ಬಂದ. ಕಡಿದಾದ ಬಂಡೆಯ ಮೇಲಿರುವ ಆಕೋಮಾ ಊರಿನವರು, ದವಸ ಕೇಳಲು ಬಂದ ಸೈನಿಕರ ಮೇಲೆ ತಿರುಗಿಬಿದ್ದರು. ಮರುವರ್ಷ ಜನವರಿಯಲ್ಲಿ ಆ ಊರನ್ನೇ ಸುಟ್ಟರು; ನೂರಾರು ಜನರನ್ನು ಕೊಂದರು. ಸೆರೆ ಸಿಕ್ಕ 25 ವರ್ಷಕ್ಕೆ ಮೇಲ್ಪಟ್ಟ ಗಂಡಸರ ಒಂದೊಂದು ಪಾದ ಕತ್ತರಿಸಿ 20 ವರ್ಷ ಜೀತಕ್ಕೆ ಹಾಕಬೇಕೆಂದು ಓನ್ಯಾಟೆ ತೀರ್ಪು ಕೊಟ್ಟ. ಇದು ನಾಗರಿಕತೆ ಕಲಿಸಲು ಬಂದವರ ಮೊದಲ ಪಾಠ!

ಆಮೇಲೆ ಎಂಬತ್ತು ವರ್ಷ ನಡೆದದ್ದು ಸುಲಿಗೆ. ಮನೆಮನೆಯಿಂದ ಜೋಳ, ಬಟ್ಟೆ ವಸೂಲಿ; ಒಡೆಯರ ಹೊಲದಲ್ಲಿ, ಇಗರ್ಜಿಯ ಕೆಲಸದಲ್ಲಿ ಬಲವಂತದ ದುಡಿತ. ಬರ ಬಂದು ಜನ ಸಾಯುತ್ತಿದ್ದಾಗಲೂ ವಸೂಲಿ ನಿಲ್ಲಲಿಲ್ಲ. 1675ರಲ್ಲಿ 47 ಮಂದಿ ಧಾರ್ಮಿಕ ಮುಖಂಡರನ್ನು ಮಾಟಗಾರರೆಂದು ಹಿಡಿದು, ಕೆಲವರನ್ನು ನೇಣಿಗೇರಿಸಿ, ಉಳಿದವರನ್ನು ಚಾಟಿಯಿಂದ ಹೊಡೆದರು. ಹಾಗೆ ಏಟು ತಿಂದವರಲ್ಲಿ ಪೋಪೇ ಎಂಬಾತನೊಬ್ಬ.

ಬಿಡುಗಡೆಯಾಗಿ ಬಂದ ಪೋಪೇ ಟಾವೋಸ್ ಎಂಬ ಊರಿನಲ್ಲಿ ಕುಳಿತು ದಂಗೆಯನ್ನು ಸಂಘಟಿಸಿದ. ಕೆಲಸ ಸುಲಭವಾಗಿರಲಿಲ್ಲ. ಊರುಗಳು ನೂರಾರು ಮೈಲಿ ಹರಡಿದ್ದವು. ಒಂದೂರಿನ ಭಾಷೆ ಇನ್ನೊಂದೂರಿಗೆ ತಿಳಿಯದು. ಲಿಪಿಯಿಲ್ಲ, ಕುದುರೆಯ ಅಂಚೆಯಿಲ್ಲ. ಗಂಟು ಹಾಕಿದ ಹಗ್ಗಗಳನ್ನು ಕೊಟ್ಟು ಓಟಗಾರರನ್ನು ಊರೂರಿಗೆ ಅಟ್ಟಿದರು. ದಿನಕ್ಕೊಂದು ಗಂಟು ಬಿಚ್ಚಬೇಕು. ಗಂಟು ಮುಗಿದ ದಿನ ಎಲ್ಲರೂ ಒಟ್ಟಿಗೆ ಏಳಬೇಕು. ಕತುವಾ, ಒಮ್ತುವಾ ಎಂಬ ಇಬ್ಬರು ಓಟಗಾರರು ಸಿಕ್ಕಿಬಿದ್ದರು. ಗುಟ್ಟು ರಟ್ಟಾದ್ದರಿಂದ ಕಾಯದೆ, 1680ರ ಆಗಸ್ಟ್ 10ರಂದೇ ದಂಗೆ ಎದ್ದರು. 21 ಪಾದ್ರಿಗಳೂ ಸೇರಿ ಸುಮಾರು 400 ಸ್ಪ್ಯಾನಿಯಾರ್ಡರು ಸತ್ತರು. ರಾಜಧಾನಿ ಸಾಂತಾ ಫೇಗೆ ಮುತ್ತಿಗೆ ಹಾಕಿ ನೀರು ಕಡಿದರು. ಆಗಸ್ಟ್ 21ರಂದು ಗವರ್ನರ್ ಒಟೆರ್ಮಿನ್ ತನ್ನವರನ್ನು ಕರೆದುಕೊಂಡು ದಕ್ಷಿಣಕ್ಕೆ ಹೊರಟ.

ಹನ್ನೆರಡು ವರ್ಷ ಆ ನಾಡು ಸ್ವತಂತ್ರವಾಗಿತ್ತು. ಆದರೆ ಗೆದ್ದ ಮೇಲೆ ಒಗ್ಗಟ್ಟು ಉಳಿಯಲಿಲ್ಲವೆಂಬುದನ್ನೂ ಹೇಳಬೇಕು. ಬರ, ಹೊರಗಿನ ದಾಳಿ, ಊರೂರುಗಳ ಜಗಳ ಇವೆಲ್ಲ ಸೇರಿ ಶಕ್ತಿ ಕುಂದಿತು. 1692ರಲ್ಲಿ ಸ್ಪೇನ್ ಮರಳಿ ಬಂತು. 1696ರ ಎರಡನೆಯ ದಂಗೆ ಸೋತಿತು. ಹಾಗಾದರೆ ಮೊದಲ ದಂಗೆ ವ್ಯರ್ಥವೇ? ಅಲ್ಲ. ಮನೆವಾರು ವಸೂಲಿಯ ಹಳೆಯ ಪದ್ಧತಿಯನ್ನು ಮತ್ತೆ ಹೇರಲು ಆಳುವವರಿಗೆ ಸಾಧ್ಯವಾಗಲಿಲ್ಲ. ಕೀವಾಗಳು ಉಳಿದವು, ಭಾಷೆಗಳು ಉಳಿದವು.

1848ರಲ್ಲಿ ಈ ಸೀಮೆ ಅಮೆರಿಕ ಸಂಯುಕ್ತ ಸಂಸ್ಥಾನದ ಕೈಸೇರಿತು. ಈಗ ಬಂದದ್ದು ಕತ್ತಿಯಲ್ಲ, ಕಾಗದ. ಇವರು ನೆಲೆನಿಂತ ಸಭ್ಯ ಜನ, ಆದ್ದರಿಂದ ಇಂಡಿಯನ್ ಬುಡಕಟ್ಟುಗಳ ಭೂಮಿಗಿರುವ ಕಾನೂನಿನ ರಕ್ಷಣೆ ಇವರಿಗೆ ಅನ್ವಯಿಸದೆಂದು 1876ರಲ್ಲಿ ಸುಪ್ರೀಂ ಕೋರ್ಟು ಹೇಳಿಬಿಟ್ಟಿತು. ಹೊಗಳಿಕೆಯ ಮಾತಿನಿಂದಲೇ ಹೊಲ ಹೋಯಿತು! ಹೊರಗಿನವರು ಬಂದು ನೆಲ ಹಿಡಿದರು. 1913ರಲ್ಲಿ ಕೋರ್ಟು ತನ್ನ ನಿಲುವು ಬದಲಿಸಿದಾಗ, ಒತ್ತುವರಿದಾರರಿಗೆ ಅನುಕೂಲವಾಗುವಂಥ ಮಸೂದೆಯನ್ನು ಸೆನೆಟರ್ ಬರ್ಸಮ್ 1922ರಲ್ಲಿ ತಂದ. ಆ ನವೆಂಬರಿನಲ್ಲಿ ಪ್ಯೂಬ್ಲೋ ಊರುಗಳ ಪ್ರತಿನಿಧಿಗಳು ಸಾಂತೋ ದೊಮಿಂಗೋದಲ್ಲಿ ಒಂದುಗೂಡಿದರು. ವಾಷಿಂಗ್ಟನ್ನಿಗೂ ಹೋಗಿ ವಾದಿಸಿದರು. ಮಸೂದೆ ಬಿದ್ದುಹೋಯಿತು. ಆದರೂ ನ್ಯೂ ಮೆಕ್ಸಿಕೋದಲ್ಲಿ ಇವರಿಗೆ ಮತದಾನದ ಹಕ್ಕು ದೊರೆತದ್ದು 1948ರಲ್ಲಿ, ಇಸ್ಲೆಟಾ ಊರಿನ ಉಪಾಧ್ಯಾಯ ಮಿಗೆಲ್ ತ್ರುಹಿಯೋ ನ್ಯಾಯಾಲಯಕ್ಕೆ ಹೋಗಿ ಗೆದ್ದ ಮೇಲೆಯೇ.

ಕೊನೆಯದಾಗಿ ಟಾವೋಸಿನ ನೀಲಿ ಸರೋವರದ ವಿಷಯ. ಬೆಟ್ಟದ ಮೇಲಿನ ಆ ಸರೋವರ ಊರಿಗೆ ನೀರು ಕೊಡುವ ಹೊಳೆಯ ಮೂಲ; ಅವರ ಪವಿತ್ರ ಕ್ಷೇತ್ರ. 1906ರಲ್ಲಿ ಸರ್ಕಾರ ಅದನ್ನು ರಾಷ್ಟ್ರೀಯ ಅರಣ್ಯಕ್ಕೆ ಸೇರಿಸಿಕೊಂಡಿತು. ಊರಿನವರು 60 ವರ್ಷಕ್ಕೂ ಹೆಚ್ಚು ಕಾಲ ಬಿಡದೆ ಕೇಳಿದರು. 1965ರಲ್ಲಿ ಸರ್ಕಾರದ ಆಯೋಗವೇ, ಈ ನೆಲವನ್ನು ಅನ್ಯಾಯವಾಗಿ ಕಿತ್ತುಕೊಂಡದ್ದು ನಿಜವೆಂದು ಒಪ್ಪಿತು. ಆದರೆ ಆಯೋಗದ ಕೈಯಲ್ಲಿದ್ದುದು ಪರಿಹಾರದ ಹಣ ಮಾತ್ರ. ಬಡವರಾದ ಆ ಜನ ಹಣ ಬೇಡವೆಂದರು, ಸರೋವರ ಕೊಡಿ ಎಂದರು. 1970ರ ಡಿಸೆಂಬರ್ 15ರಂದು ಅಧ್ಯಕ್ಷ ನಿಕ್ಸನ್ ಸಹಿ ಹಾಕಿದ ಶಾಸನದಿಂದ 48,000 ಎಕರೆ ಟಾವೋಸಿಗೆ ಹಿಂತಿರುಗಿತು.

ಸಂಗಾತಿಗಳೇ, ನೆಲ ಕಿತ್ತುಕೊಂಡು ರೂಪಾಯಿ ಎಣಿಸಿಕೊಟ್ಟರೆ ನ್ಯಾಯ ಮುಗಿಯಿತೆಂದು ತಿಳಿಯುವ ಸರ್ಕಾರಗಳು ಲೋಕದಲ್ಲಿ ಬಹಳ ಇವೆ. ಹಣವನ್ನು ಹಂಚಿಕೊಂಡವರು ಚದುರಿಹೋಗುತ್ತಾರೆ. ನೀರನ್ನೂ ನೆಲವನ್ನೂ ಒಟ್ಟಾಗಿ ಇಟ್ಟುಕೊಂಡವರು ಊರಾಗಿ ಉಳಿಯುತ್ತಾರೆ. ಟಾವೋಸಿನವರು ಈ ಲೆಕ್ಕವನ್ನು ಚೆನ್ನಾಗಿ ಬಲ್ಲವರು. 2005ರಲ್ಲಿ ವಾಷಿಂಗ್ಟನ್ನಿನ ಸಂಸತ್ ಭವನದಲ್ಲಿ ನ್ಯೂ ಮೆಕ್ಸಿಕೋದ ಪರವಾಗಿ ಪೋಪೇಯ ಅಮೃತಶಿಲೆಯ ಪ್ರತಿಮೆ ನಿಲ್ಲಿಸಿದ್ದಾರೆ. ಕೆತ್ತಿದವನು ಪ್ಯೂಬ್ಲೋ ಶಿಲ್ಪಿಯೇ. ಪ್ರತಿಮೆಯ ಕೈಯಲ್ಲಿ ಆ ಗಂಟುಹಗ್ಗವಿದೆ.