ಹಿನ್ನೀರಿನ ಆಚೆ ದಂಡೆ
(ಸಂಘದ ರಜತ ಮಹೋತ್ಸವ ಸಮಾರಂಭದಲ್ಲಿ ನಿರ್ದೇಶಕರೊಬ್ಬರು ಮಾಡಿದ ಭಾಷಣ)



ಲೆಕ್ಕಪತ್ರವನ್ನು ಕಾರ್ಯದರ್ಶಿಗಳು ಆಗಲೇ ಓದಿದ್ದಾರೆ. ನಮ್ಮ ಸೀಮೆಯ ಬಗ್ಗೆ ನಾಲ್ಕು ಮಾತು ಹೇಳುವ ಕೆಲಸ ನಮಗೆ ಬಂದಿದೆ.

ನಮ್ಮ ಕರೂರು, ಬಾರಂಗಿ ಹೋಬಳಿಗಳು ಸಾಗರ ತಾಲ್ಲೂಕಿನ ಪಶ್ಚಿಮದ ಅಂಚು. ಒಂದು ಕಡೆ ಶರಾವತಿ ಹಿನ್ನೀರು, ಮತ್ತೊಂದು ಕಡೆ ಘಟ್ಟ, ಘಟ್ಟ ಇಳಿದರೆ ಭಟ್ಕಳ, ಬೈಂದೂರು. ಬಯಲುಸೀಮೆಯ ಹಾಗೆ ಸಾಲುಮನೆಯ ಊರು ನಮ್ಮಲ್ಲಿಲ್ಲ. ಗುಡ್ಡದ ಬುಡಕ್ಕೆ ಎರಡು ಮನೆ, ಕೂಗಿದರೆ ಕೇಳುವಷ್ಟು ದೂರಕ್ಕೆ ಇನ್ನೊಂದು. ನೀರಿದ್ದಲ್ಲಿ ತೋಟ, ತೋಟ ಇದ್ದಲ್ಲಿ ಮನೆ. ಹೊರಗಿನಿಂದ ಬಂದವರು 'ಇಲ್ಲಿ ಜನಾನೇ ಇಲ್ವಲ್ಲ' ಅಂತಾರೆ.

ಹಿಂದೆ ಹೀಗಿರಲಿಲ್ಲ. ಗೇರುಸೊಪ್ಪೆಯ ರಾಣಿ ಚೆನ್ನಭೈರಾದೇವಿಯನ್ನು ಪೋರ್ಚುಗೀಸರು 'ಕಾಳುಮೆಣಸಿನ ರಾಣಿ' ಅಂತ ಕರೆದರು. 16ನೇ ಶತಮಾನದಲ್ಲಿ ಈ ಕಣಿವೆಯ ಮೆಣಸು ಘಟ್ಟ ಇಳಿದು ಹಡಗು ಹತ್ತುತ್ತಿತ್ತು. ಆಕೆಯ ಕಾನೂರು ಕೋಟೆ ಇಂದಿಗೂ ನಮ್ಮ ತಾಲ್ಲೂಕಿನ ಕಾಡೊಳಗೆ ಹಾಳುಬಿದ್ದು ನಿಂತಿದೆ. ಜನ ಇಲ್ಲದ ಜಾಗದಲ್ಲಿ ಯಾರಾದರೂ ಕೋಟೆ ಕಟ್ಟುತ್ತಾರೆಯೇ?

ಜನ ಕಮ್ಮಿಯಾದದ್ದು ನೀರಿನಿಂದ. ಮೊದಲು ಮಡೆನೂರಿನ ಹಿರೇಭಾಸ್ಕರ ಅಣೆಕಟ್ಟು. ಜೋಗದ ಕೆಳಗಿನ ವಿದ್ಯುದಾಗಾರಕ್ಕೆ ನೀರು ಕೊಡಲು ಕಟ್ಟಿದ್ದು, 1948ರಲ್ಲಿ ಮುಗಿಯಿತು. ಆಮೇಲೆ 1964ರಲ್ಲಿ ಲಿಂಗನಮಕ್ಕಿ. ಇದರ ನೀರು ಎಷ್ಟು ಮೇಲೆ ಬಂತೆಂದರೆ ಹಿರೇಭಾಸ್ಕರ ಅಣೆಕಟ್ಟೇ ಅದರೊಳಗೆ ಮುಳುಗಿತು! ಬೇಸಿಗೆಯಲ್ಲಿ ನೀರು ತೀರಾ ಇಳಿದ ವರ್ಷ ಅದರ ಗೋಡೆ ಮೇಲೆ ಕಾಣುತ್ತೆ, ನೋಡಲು ಜನ ಹೋಗ್ತಾರೆ. ಲಿಂಗನಮಕ್ಕಿಯ ಪೂರ್ಣ ಮಟ್ಟ 1819 ಅಡಿ, ಹಿಡಿಯುವ ನೀರು ಸುಮಾರು 151 ಟಿ.ಎಂ.ಸಿ. ಮುಳುಗಿದ್ದು ಹೊಳೆದಂಡೆಯ ಸಮತಟ್ಟು ಗದ್ದೆ, ತೋಟ, ದೇವಸ್ಥಾನ, ತುಂಬಿದ ಊರು. ಉಳಿದದ್ದು ಗುಡ್ಡದ ನೆತ್ತಿ. ಈಗ ನಾವು ದ್ವೀಪ ಅಂತ ಕರೆಯೋದೆಲ್ಲ ಆಗಿನ ಗುಡ್ಡಗಳೇ. ನಾವು ಹುಟ್ಟಿದ್ದು ಮುಳುಗಡೆಯ ನಂತರ, ಆದರೂ 'ಮುಳುಗಡೆಯವರು' ಎಂಬ ಹೆಸರು ನಮಗೂ ಅಂಟಿದೆ.

ಎದ್ದವರು ಸಾಮಾನು ಹೊತ್ತು ತಾಲ್ಲೂಕು ತಾಲ್ಲೂಕು ಚದುರಿದರು. ರಾಜ್ಯಕ್ಕೆ ಬೆಳಕಾಯಿತು, ಜಮೀನು ಬಿಟ್ಟವರ ಮನೆಯಲ್ಲಿ ವರ್ಷಗಟ್ಟಲೆ ಬುಡ್ಡಿದೀಪವೇ ಉರಿಯಿತು. 1972ರಲ್ಲಿ ಶರಾವತಿ ಕಣಿವೆ ಅಭಯಾರಣ್ಯವಾಯಿತು. ಕಾಡು ಉಳಿಯಬೇಕು, ಅದರಲ್ಲಿ ಎರಡು ಮಾತಿಲ್ಲ, ಕಾಡಿಲ್ಲದೆ ತೋಟಕ್ಕೆ ನೀರೆಲ್ಲಿ, ಸೊಪ್ಪೆಲ್ಲಿ? ಆದರೆ ಮುಳುಗಡೆಯಾಗಿ ಬಂದು ಮೂರು ತಲೆಮಾರು ಉತ್ತವರಲ್ಲಿ ಎಷ್ಟೋ ಜನರ ಕೈಗೆ ಇನ್ನೂ ಪಹಣಿ ಬಂದಿಲ್ಲ. ಪಹಣಿ ಇಲ್ಲದವನಿಗೆ ಬೆಳೆಸಾಲ ಕೊಡಲು ಸಂಘದ ಕೈ ಕಟ್ಟಿದೆ. ಅವನು ಷೇರುದಾರ, ಸಭೆಗೆ ಬಂದು ಕೂರುತ್ತಾನೆ, ಕೈ ಎತ್ತುತ್ತಾನೆ. ಸಾಲದ ಅರ್ಜಿ ಮಾತ್ರ ವಾಪಸು ಹೋಗುತ್ತೆ. ಆಡಳಿತ ಮಂಡಳಿಯಲ್ಲಿ ಕೂತ ನಮಗೆ ಇದಕ್ಕಿಂತ ಸಂಕಟದ ಕೆಲಸ ಇನ್ನೊಂದಿಲ್ಲ.

ಲಾಂಚಿನ ಕಥೆ ನಿಮಗೇ ಗೊತ್ತು. ಗೊಬ್ಬರದ ಲಾರಿ ಹೊಳೆಬಾಗಿಲಲ್ಲಿ ಸರದಿ ಕಾದದ್ದು, ರಾತ್ರಿ ಹೆರಿಗೆ ನೋವು ಬಂದರೆ ಸಾಗರ ಎದುರಿಗೇ ಇದ್ದರೂ ಕೋಗಾರು, ಕಾರ್ಗಲ್ ಸುತ್ತಿ ಹೋಗಬೇಕಾದದ್ದು. 2025ರ ಜುಲೈ 14ರಂದು ಅಂಬಾರಗೋಡ್ಲು-ಕಳಸವಳ್ಳಿ ಸೇತುವೆ ಉದ್ಘಾಟನೆಯಾಯಿತು, ಉದ್ದ ಸುಮಾರು 2.44 ಕಿ.ಮೀ. ಸಿಗಂದೂರಿಗೆ ಬರುವ ಭಕ್ತರಿಗೆ ಅನುಕೂಲವಾಯಿತು ಅಂತ ಪೇಪರಿನವರು ಬರೆದರು. ನಮಗಾದ ಅನುಕೂಲ ಅದಕ್ಕಿಂತ ದೊಡ್ಡದು ಸ್ವಾಮಿ.

ಇನ್ನೊಂದು ವಿಷಯ. ಮುಳುಗಿದ ಊರು, ಕೇರಿ, ಕೆರೆಗಳ ಹೆಸರು ಬಲ್ಲ ಹಿರಿಯರು ಕಮ್ಮಿಯಾಗುತ್ತಿದ್ದಾರೆ. ಸಂಘದ ಕಛೇರಿಯಲ್ಲಿ ಒಂದು ಪುಸ್ತಕ ಇಟ್ಟಿದ್ದೇವೆ. ಪಡಿತರಕ್ಕೋ ಗೊಬ್ಬರಕ್ಕೋ ಬಂದಾಗ ಮನೆಯ ಅಜ್ಜ-ಅಜ್ಜಿಯನ್ನು ಕೇಳಿಕೊಂಡು ಬಂದು ಬರೆಸಿ. ಬರೆಯಲು ಬಾರದವರು ಹೇಳಿದರೆ ಸಾಕು, ಗುಮಾಸ್ತರು ಬರೆದುಕೊಳ್ಳುತ್ತಾರೆ.