ತೆಗೆಯುವ ಮೊದಲು ನಮ್ಮ ಮಾತು ಕೇಳಬೇಕು
(ವೆಸ್ಟೆರಾಸ್‌ನ ನಮ್ಮ ಕೂಟದಲ್ಲಿ ಮಾಡಿದ ಭಾಷಣದ ಬರಹರೂಪ)

ಊಟಕ್ಕೆ ಮುಂಚೆ ಕಾನೂನಿನ ಮಾತು ಅಂದರೆ ಯಾರಿಗೂ ರುಚಿಸುವುದಿಲ್ಲ, ಗೊತ್ತು. ಆದರೆ ನಮ್ಮೂರಲ್ಲಿ ಕೆಲಸ ಹೋಗುವುದು ಈಗ ಪೇಪರಿನ ಸುದ್ದಿಯಾಗಿ ಮಾತ್ರ ಉಳಿದಿಲ್ಲ. 2024ರ ಸೆಪ್ಟೆಂಬರ್‌ನಲ್ಲಿ ನಾರ್ತ್‌ವೋಲ್ಟ್ ಸ್ವೀಡನ್‌ನಲ್ಲಿ 1,600 ಹುದ್ದೆ ಕಡಿತ ಅಂತ ಹೇಳಿತಲ್ಲ, ಅದರಲ್ಲಿ 400 ವೆಸ್ಟೆರಾಸ್‌ನವು. 2025ರ ಮಾರ್ಚ್‌ನಲ್ಲಿ ಕಂಪನಿ ದಿವಾಳಿಯೇ ಆಯಿತು.

ಅಂಥದ್ದಕ್ಕೆ ಇಲ್ಲಿ ಅರ್ಬೇತ್ಸ್‌ಬ್ರಿಸ್ಟ್ ಅಂತಾರೆ, ಅಂದರೆ ಕೆಲಸದ ಕೊರತೆ. ಅದರಲ್ಲಿ ನಿಮ್ಮ ತಪ್ಪೇನೂ ಇರುವುದಿಲ್ಲ, ಹಾಗಾಗಿ ನಿಮ್ಮನ್ನು ಒಬ್ಬೊಬ್ಬರನ್ನಾಗಿ ಕರೆದು ಕೇಳುವುದೂ ಇಲ್ಲ. ಕಂಪನಿ ಯೂನಿಯನ್ ಜೊತೆ ಮಾತಾಡುತ್ತದೆ, ಅಷ್ಟೆ. ನಾನು ಇವತ್ತು ಹೇಳಬೇಕೆಂದಿರುವುದು ಇನ್ನೊಂದು ಬಗೆಯದು: "ನೀನು ಸರಿಯಾಗಿ ಕೆಲಸ ಮಾಡುತ್ತಿಲ್ಲ", "ನೀನು ಹೀಗೆ ಮಾಡಿದೆ" ಅಂತ ಬೆರಳು ತೋರಿಸಿ ತೆಗೆಯುವುದು.

ಊರಿನ ಕಡೆಯ ಒಂದು ಪ್ರಕರಣ ಹೇಳುತ್ತೇನೆ. ಕೆಜಿಎಫ್‌ನ ಭಾರತ್ ಗೋಲ್ಡ್ ಮೈನ್ಸ್‌ನಲ್ಲಿ ಒಬ್ಬ ಭದ್ರತಾ ಅಧಿಕಾರಿ ಇದ್ದರು. 1985ರ ಜೂನ್‌ನಲ್ಲಿ ಪೊಲೀಸರು ಅವರ ಮನೆ ಶೋಧಿಸಿ, ನಾಲ್ಕೂವರೆ ಗ್ರಾಂ ತೂಕದ ಚಿನ್ನದ ಉಂಡೆಯೂ ಚಿನ್ನದ ಅಂಶವಿರುವ ಮರಳೂ ಸಿಕ್ಕಿತು ಎಂದರು. ಕೂಡಲೇ ಅಮಾನತು, ಆರೋಪ ಪಟ್ಟಿ. ಅಮಾನತಿನಲ್ಲಿ ಇದ್ದವರಿಗೆ ಕೊಡಬೇಕಾದ ಜೀವನಾಧಾರ ಭತ್ಯೆ ಅವರ ಕೈಗೆ ಬರಲಿಲ್ಲ. ಅವರು ಕೇರಳದ ತಮ್ಮ ಊರಿನಲ್ಲಿದ್ದರು, ಕಾಯಿಲೆ ಬೇರೆ. ಬರಲು ಆಗುತ್ತಿಲ್ಲ ಎಂದು ತಿಳಿಸಿದರೂ ವಿಚಾರಣೆ ಅವರಿಲ್ಲದೆಯೇ ನಡೆದು, 1986ರ ಜೂನ್‌ನಲ್ಲಿ ವಜಾ ಆದರು. ಮರುವರ್ಷ ಕ್ರಿಮಿನಲ್ ಕೋರ್ಟು ಅವರನ್ನು ಖುಲಾಸೆ ಮಾಡಿತು. ಆದರೂ ಕಂಪನಿ ಒಪ್ಪಲಿಲ್ಲ. ಹೈಕೋರ್ಟಿನ ಏಕಸದಸ್ಯ ಪೀಠದಲ್ಲಿ ಗೆದ್ದರು, ವಿಭಾಗೀಯ ಪೀಠದಲ್ಲಿ ಸೋತರು. ಕೊನೆಗೆ 1999ರಲ್ಲಿ ಸುಪ್ರೀಂ ಕೋರ್ಟು, ಬಸ್ಸಿಗೆ ಕಾಸಿಲ್ಲದಂತೆ ಮಾಡಿ ವಿಚಾರಣೆಗೆ ಬಾ ಅನ್ನುವುದು ವಿಚಾರಣೆಯೇ ಅಲ್ಲ ಅನ್ನುವ ಅರ್ಥದಲ್ಲಿ ತೀರ್ಪು ಕೊಟ್ಟು, ಬಾಕಿ ಸಂಬಳ ಸಮೇತ ಮತ್ತೆ ಕೆಲಸಕ್ಕೆ ಸೇರಿಸಿ ಎಂದಿತು. ಗೆದ್ದರು, ನಿಜ. ಆದರೆ ಹದಿನಾಲ್ಕು ವರ್ಷ ಕಳೆದಿತ್ತು! ಮಕ್ಕಳ ಓದು, ಮದುವೆ ಎಲ್ಲಾ ಆ ಹದಿನಾಲ್ಕು ವರ್ಷದಲ್ಲೇ ಬರುವಂಥವು.

ಬೆಂಗಳೂರಿನ ಐಟಿಯಿಂದ ಬಂದ ನಮ್ಮಲ್ಲಿ ಬಹಳ ಜನಕ್ಕೆ ಷೋಕಾಸ್ ನೋಟಿಸು, ವಿಚಾರಣೆ ಇವೆಲ್ಲ ಫ್ಯಾಕ್ಟರಿಯವರ ವಿಷಯ. ನಮಗೆ ಗೊತ್ತಿರುವುದು ಎಚ್‌ಆರ್ ಕೋಣೆ, ಮೇಜಿನ ಮೇಲೆ ರಾಜೀನಾಮೆ ಪತ್ರ, ಸಂಜೆಯೊಳಗೆ ಸಹಿ. ಆ ಅಭ್ಯಾಸವನ್ನೇ ಇಲ್ಲಿಗೂ ಹೊತ್ತು ತಂದಿದ್ದೇವೆ ಅನ್ನುವುದು ನನ್ನ ಅಭಿಪ್ರಾಯ.

ಇಲ್ಲಿನ ಕಾನೂನು ಬೇರೆ. ಉದ್ಯೋಗ ರಕ್ಷಣೆಯ 1982ರ ಕಾಯ್ದೆಯನ್ನು ಎಲ್ಲರೂ 'ಲಾಸ್' ಅಂತಾರೆ. ವೈಯಕ್ತಿಕ ಕಾರಣಕ್ಕೆ ತೆಗೆಯಬೇಕಿದ್ದರೆ ಕನಿಷ್ಠ ಎರಡು ವಾರ ಮೊದಲು ನಿಮಗೆ ತಿಳಿಸಬೇಕು. ನೀವು ಯೂನಿಯನ್ ಸದಸ್ಯರಾದರೆ ಅವರಿಗೂ ಅದೇ ಹೊತ್ತಿಗೆ ತಿಳಿಸಬೇಕು. ಗಂಭೀರ ತಪ್ಪಿಗೆ ನೋಟಿಸ್ ಅವಧಿ ಇಲ್ಲದೆ ತೆಗೆಯುವುದಾದರೆ ಒಂದು ವಾರ ಮೊದಲು. ಇದು ಇನ್ನೂ ವಜಾ ಅಲ್ಲ, "ತೆಗೆಯಬೇಕೆಂದಿದ್ದೇವೆ" ಅನ್ನುವ ಸೂಚನೆ. ಆಗ ನೀವು 'ಓವರ್‌ಲೆಗ್‌ನಿಂಗ್', ಅಂದರೆ ಕೂತು ಮಾತಾಡುವ ಸಭೆ, ಕೇಳಬಹುದು. ಕೇಳಿದರೆ ಆ ಸಭೆ ಮುಗಿಯುವ ತನಕ ಅವರು ವಜಾ ಆದೇಶ ಕೊಡುವಂತಿಲ್ಲ. ಆದರೆ ಸೂಚನೆ ಬಂದ ಒಂದು ವಾರದೊಳಗೆ ಕೇಳಬೇಕು. ಯಾರೂ ಮನೆಗೆ ಬಂದು "ನಿಮ್ಮದೇನಪ್ಪಾ ಮಾತು" ಅನ್ನುವುದಿಲ್ಲ. ಸುಮ್ಮನಿದ್ದರೆ ಆ ವಾರ ಹೋಯಿತು.

ಆ ವಾರಕ್ಕೆ ಈಗ ಮೊದಲಿಗಿಂತ ಬೆಲೆ ಜಾಸ್ತಿ, ಯಾಕೆ ಅಂದರೆ 2022ರ ಅಕ್ಟೋಬರ್ 1ರಿಂದ ನಿಯಮ ಬದಲಾಯಿತು. ಮುಂಚೆ, ವಜಾ ಸರಿಯಿಲ್ಲ ಎಂದು ತಕರಾರು ಹೂಡಿದರೆ ಸಾಮಾನ್ಯವಾಗಿ ತೀರ್ಮಾನ ಆಗುವ ತನಕ ಕೆಲಸ, ಸಂಬಳ ಎರಡೂ ನಡೆಯುತ್ತಿದ್ದವು. ಈಗ ನೋಟಿಸ್ ಅವಧಿ ಮುಗಿದರೆ ಕೆಲಸವೂ ಮುಗಿಯುತ್ತದೆ, ತಕರಾರು ಅದರ ಪಾಡಿಗೆ ನಡೆಯುತ್ತದೆ. ಸ್ವೀಡನ್ನಿನವನು ಒಂದು ವರ್ಷ ಕಾದಾನು. ವರ್ಕ್ ಪರ್ಮಿಟ್ ಮೇಲಿರುವ ನಾವು? ಹೊಸ ಕೆಲಸ ಹುಡುಕಲು ಬಹುಕಾಲದಿಂದ ನಮಗಿರುವುದು ಮೂರು ತಿಂಗಳು (ಈ ನಿಯಮಗಳು ಬದಲಾಗುತ್ತಿರುತ್ತವೆ, ವಲಸೆ ಇಲಾಖೆಯ ಪುಟ ನೋಡಿಕೊಳ್ಳಿ). ಕೋರ್ಟಿನಲ್ಲಿ ಗೆಲ್ಲುವ ಹೊತ್ತಿಗೆ ನಾವು ಹುಬ್ಬಳ್ಳಿಯಲ್ಲೋ ಹಾಸನದಲ್ಲೋ ಇರುತ್ತೇವೆ. ಹಾಗಾಗಿ ನಮ್ಮ ಮಾತಿಗೆ ತೂಕ ಇರುವುದು ಆದೇಶ ಹೊರಬೀಳುವ ಮೊದಲೇ.

ಸಭೆಯಲ್ಲಿ ಏನು ಹೇಳುವುದು? ಅತ್ತುಕೊಳ್ಳುವುದು ಬೇಡ, ಕಾಗದ ಇಟ್ಟು ಮಾತಾಡಿ. ಅವರು ಹೇಳುವ ಘಟನೆ ಯಾವಾಗಿನದು? ಎರಡು ತಿಂಗಳಿಗೂ ಹಿಂದೆ ಅವರಿಗೆ ಗೊತ್ತಿದ್ದ ಸಂಗತಿಯನ್ನಷ್ಟೇ ಹಿಡಿದು, ಕೆಲವು ಅಪವಾದ ಬಿಟ್ಟರೆ, ತೆಗೆಯುವಂತಿಲ್ಲ. ಮೊದಲೇ ಎಚ್ಚರಿಕೆ ಕೊಟ್ಟಿದ್ದರೇ? ಬೇರೆ ವಿಭಾಗದಲ್ಲಿ ಜಾಗವಿದೆಯೇ ಎಂದು ನೋಡಿದ್ದಾರೆಯೇ? ಅದೂ ಅವರ ಕರ್ತವ್ಯ. ಸಭೆ ಬೇಕು ಅನ್ನುವುದನ್ನು ಮಾತ್ರ ಈಮೇಲ್‌ನಲ್ಲೇ ಕೇಳಿ, ಕಾರಿಡಾರಿನಲ್ಲಿ ಅಲ್ಲ. ಆ ಈಮೇಲ್‌ನ ಪ್ರತಿ ಆಫೀಸ್ ಲ್ಯಾಪ್‌ಟಾಪ್‌ನಲ್ಲಿ ಮಾತ್ರ ಇದ್ದರೆ ಪ್ರಯೋಜನವಿಲ್ಲ.

ಒಂದು ಮಿತಿಯನ್ನೂ ಹೇಳಿಬಿಡಬೇಕು. ಎರಡು ವಾರದ ಸೂಚನೆ ಕೊಡದೆ ತೆಗೆದರೆ ಅಷ್ಟಕ್ಕೇ ವಜಾ ರದ್ದಾಗುವುದಿಲ್ಲ, ಪರಿಹಾರ ಕೇಳಬಹುದು. ವಜಾವೇ ಅಸಿಂಧು ಅನ್ನಬೇಕಾದರೆ ಅದಕ್ಕೆ ಸಾಕಷ್ಟು ಕಾರಣ ಇರಲಿಲ್ಲ ಅಂತ ವಾದಿಸಬೇಕು, ಅದನ್ನೂ ಆದೇಶ ಬಂದ ಎರಡು ವಾರದೊಳಗೆ ಕಂಪನಿಗೆ ತಿಳಿಸಬೇಕು. ಬರೀ ಪರಿಹಾರಕ್ಕಾದರೆ ನಾಲ್ಕು ತಿಂಗಳು.

ಇನ್ನು ಆ ಸಹಿ. "ಇಷ್ಟು ತಿಂಗಳ ಸಂಬಳ ಕೊಡುತ್ತೇವೆ, ಒಪ್ಪಂದ ಮಾಡಿಕೊಳ್ಳೋಣ" ಅಂತ ಕಾಗದ ಮುಂದಿಡುತ್ತಾರೆ. ಕೆಲವೊಮ್ಮೆ ಅದು ಒಳ್ಳೆಯ ಒಪ್ಪಂದವೇ ಇರಬಹುದು. ಆದರೆ ಸಹಿ ಹಾಕಿದ ಮೇಲೆ ಅದು ವಜಾ ಅಲ್ಲ, ನೀವೇ ಒಪ್ಪಿ ಬಿಟ್ಟಿದ್ದು. ಸೂಚನೆ, ಸಭೆ ಯಾವುದೂ ಉಳಿಯುವುದಿಲ್ಲ. ಅ-ಕಾಸ್ಸಾ ಹಣಕ್ಕೂ ಸ್ವಲ್ಪ ಕಾಲ ತಡೆ ಬೀಳಬಹುದು. "ಓದಿ ನಾಳೆ ಹೇಳುತ್ತೇನೆ" ಅಂದರೆ ಯಾರೂ ಸಿಟ್ಟಾಗುವುದಿಲ್ಲ. ಆ ರಾತ್ರಿ ಯೂನಿಯನ್‌ನವರಿಗೆ ತೋರಿಸಿ. ಯೂನಿಯನ್‌ಗೆ ಸೇರದವರು ಇಲ್ಲಿ ಎಷ್ಟು ಜನ ಇದ್ದೀರಿ ಅಂತ ಕೈ ಎತ್ತಿಸುವುದಿಲ್ಲ. ತೊಂದರೆ ಶುರುವಾದ ಮೇಲೆ ಸೇರಿದರೆ ನೆರವು ಸಿಗುವುದು ಕಷ್ಟ, ಅಷ್ಟು ಹೇಳುತ್ತೇನೆ.

ಪ್ರೊಬೇಷನ್‌ನಲ್ಲಿ ಇರುವವರು ಆಗಲೇ ಕೇಳಿದರು, ನಮಗೇನು ಅಂತ. ನಿಮ್ಮನ್ನು ಬಿಡಲು ಕಾರಣ ತೋರಿಸಬೇಕಿಲ್ಲ. ಎರಡು ವಾರ ಮೊದಲು ತಿಳಿಸಬೇಕು, ಸಭೆ ಕೇಳುವ ಹಕ್ಕು ನಿಮಗೂ ಇದೆ.